ಮೇಷ್ಟ್ರ ಫೋನಿನಲ್ಲಿ ಇಡೀ ಊರಿದೆ: ಆ್ಯಪ್ ಸಾಲ ಶಿಕ್ಷಕರನ್ನು ಹಿಡಿಯುವ ಬಗೆ

ತೀರ್ಥಹಳ್ಳಿ, ಹೊಸನಗರ, ಸಾಗರದ ಕಡೆಯ ಹಳ್ಳಿ ಶಾಲೆಯ ಶಿಕ್ಷಕರೊಬ್ಬರ ಫೋನಿನಲ್ಲಿ ಯಾರ್ಯಾರ ನಂಬರ್ ಇರುತ್ತದೆ? ಎಸ್‌ಡಿಎಂಸಿ (ಶಾಲಾಭಿವೃದ್ಧಿ ಸಮಿತಿ) ಅಧ್ಯಕ್ಷರು, ಬಿಸಿಯೂಟದ ಅಡುಗೆಯವರು, ಕ್ಲಸ್ಟರಿನ ಶಾಲೆಗಳನ್ನು ನೋಡಿಕೊಳ್ಳುವ ಸಿಆರ್‌ಪಿ, ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಕಚೇರಿ, ಮಕ್ಕಳನ್ನು ಕರೆತರುವ ಆಟೋದವರು. ಎಲ್ಲಕ್ಕಿಂತ ಜಾಸ್ತಿ ಪೋಷಕರು. ‘ಪ್ರಜ್ವಲ್ ಅಮ್ಮ 8ನೇ’, ‘ಸಿಂಚನಾ ಅಪ್ಪ’ ಅಂತ ಮಕ್ಕಳ ಹೆಸರಿನಲ್ಲೇ ಸೇವ್ ಆದ ನಂಬರ್‌ಗಳು. 2020ರಲ್ಲಿ ಶಾಲೆ ಮುಚ್ಚಿ, ಶಿಕ್ಷಕರು ಮನೆ ಜಗಲಿ, ದೇವಸ್ಥಾನದ ಅಂಗಳಗಳಲ್ಲಿ ವಿದ್ಯಾಗಮ ನಡೆಸುತ್ತಿದ್ದಾಗ ಇವೇ ನಂಬರ್‌ಗಳಿಂದ ಮಕ್ಕಳನ್ನು ಸೇರಿಸಿದ್ದರು. ಈಗಲೂ ಮಳೆಗೆ ರಜೆ ಕೊಟ್ಟರೆ ಬೆಳಿಗ್ಗೆ ಸುದ್ದಿ ಹೋಗುವುದು ಇದೇ ಗ್ರೂಪಿಗೆ.

ಸಾಲ ಕೊಡುವ ಕಳ್ಳ ಆ್ಯಪ್‌ಗಳಿಗೆ ಬೇಕಾದದ್ದು ಈ ಪಟ್ಟಿ. ಬ್ಯಾಂಕು ಚಿನ್ನ ಕೇಳುತ್ತದೆ, ಜಾಮೀನು ಕೇಳುತ್ತದೆ, ಸಂಬಳದ ದಾಖಲೆ ಕೇಳುತ್ತದೆ. ಇವು ಏನೂ ಕೇಳುವುದಿಲ್ಲ. ಫೋನ್‌ಬುಕ್ ಓದಲು ಅನುಮತಿ ಒತ್ತಿದ ಗಳಿಗೆಯಲ್ಲೇ ಅಡವು ಅವರ ಕೈಗೆ ಹೋಗಿರುತ್ತದೆ. ಮಕ್ಕಳ ಮುಂದೆ, ಅವರ ಅಪ್ಪ ಅಮ್ಮಂದಿರ ಮುಂದೆ ಶಿಕ್ಷಕರಿಗೆ ಇರುವ ಮರ್ಯಾದೆಯೇ ಆ ಅಡವು. ಶಿಕ್ಷಕರ ಆನ್‌ಲೈನ್ ಸಾಲದ ಕಷ್ಟ ಇಷ್ಟು ಗುಟ್ಟಾಗಿ ಉಳಿದಿರುವುದಕ್ಕೂ, ಅದು ಇಷ್ಟು ಬೇಗ ಬಿಗಿಯುವುದಕ್ಕೂ ಕಾರಣ ಇದೇ ಎಂದು ನಾನು ನಂಬುತ್ತೇನೆ. ಹಾಗಾಗಿ ಈ ವಿಷಯವನ್ನು ಬಡ್ಡಿಯ ಲೆಕ್ಕದಿಂದಷ್ಟೇ ಬಿಡಿಸಲು ಆಗುವುದಿಲ್ಲ. ಶಾಲೆಯ ಒಳಗಿಂದಲೂ ನೋಡಬೇಕು.

ಸಾಲ ಎಲ್ಲಿಂದ ಶುರು

“ಅವರಿಗೇನು, ತಿಂಗಳಾದರೆ ಸಂಬಳ ಬರುತ್ತಲ್ಲ” ಎಂಬ ಮಾತು ಅಡಿಕೆ ಸೀಮೆಯಲ್ಲಿ ದಿನಾ ಕಿವಿಗೆ ಬೀಳುತ್ತದೆ. ಕಾಯಂ ಶಿಕ್ಷಕರ ಮಟ್ಟಿಗೆ ಅರ್ಧ ನಿಜ. ಆದರೆ ಮಲೆನಾಡಿನ ಎಷ್ಟೋ ಶಾಲೆ ನಡೆಯುತ್ತಿರುವುದು ಅತಿಥಿ ಶಿಕ್ಷಕರಿಂದ. ಅವರ ಗೌರವಧನ ಬಹಳ ಕಾಲ ತಿಂಗಳಿಗೆ 10 ಸಾವಿರ ರೂಪಾಯಿಯ ಆಸುಪಾಸಿನಲ್ಲೇ ನಿಂತಿತ್ತು. 2025-26ರ ರಾಜ್ಯ ಬಜೆಟ್‌ನಲ್ಲಿ 2000 ರೂಪಾಯಿ ಏರಿಸುವ ಘೋಷಣೆ ಬಂತು. ಮೊತ್ತ ಕಡಿಮೆ ಎನ್ನುವುದು ಒಂದು ಕಷ್ಟ. ಅದು ತಿಂಗಳು ತಿಂಗಳು ಕೈಗೆ ಬರುವುದಿಲ್ಲ ಎನ್ನುವುದು ಇನ್ನೂ ದೊಡ್ಡ ಕಷ್ಟ. ಅನುದಾನ ಬಿಡುಗಡೆಯಾಗಿ, ಬಿಲ್ ಆಗಿ, ಎರಡು ಮೂರು ತಿಂಗಳದ್ದು ಒಟ್ಟಿಗೆ ಬೀಳುತ್ತದೆ. ಬಾಡಿಗೆ, ಬಸ್ ಚಾರ್ಜು, ದಿನಸಿ ಅಂಗಡಿಯ ಲೆಕ್ಕ ಮಾತ್ರ ಕಾಯುವುದಿಲ್ಲ. ಬೇಸಿಗೆ ರಜೆಯಲ್ಲಿ ಆ ಗೌರವಧನವೂ ಇಲ್ಲ. ಖಾಸಗಿ ಶಾಲೆಯವರ ಕತೆ ಇದಕ್ಕಿಂತ ಬೇರೆಯಲ್ಲ. ಕೊರೊನಾ ಕಾಲದಲ್ಲಿ ಅವರಲ್ಲಿ ಅನೇಕರಿಗೆ ಸಂಬಳ ಅರ್ಧವಾಯಿತು, ಕೆಲವರಿಗೆ ನಿಂತೇ ಹೋಯಿತು. ಆಗ ಮಾಡಿದ ಕೈಗಡವನ್ನು ಇಂದಿಗೂ ತೀರಿಸುತ್ತಿರುವವರಿದ್ದಾರೆ.

ಕಾಯಂ ಶಿಕ್ಷಕರ ಸಂಬಳ ಚೀಟಿಯನ್ನೂ ಸ್ವಲ್ಪ ನೋಡಿ. ಕೆಜಿಐಡಿ ಎಂಬ ಸರ್ಕಾರಿ ನೌಕರರ ವಿಮೆ, ಎನ್‌ಪಿಎಸ್ ಪಿಂಚಣಿಯ ಪಾಲು, ಸೊಸೈಟಿ ಸಾಲ, ಗೃಹಸಾಲದ ಕಂತು ಎಲ್ಲ ಹೋಗಿ ಉಳಿಯುವುದು ಬೇರೆಯೇ ಮೊತ್ತ. ಅವರಲ್ಲಿ ಎಷ್ಟೋ ಜನ ಒಂದೆರಡು ಎಕರೆ ಅಡಿಕೆ ತೋಟವಿರುವ ಮನೆಯವರು. ಕೊಳೆ ರೋಗ ಬಂದ ವರ್ಷ, ಎಲೆಚುಕ್ಕಿ ಹಬ್ಬಿದ ವರ್ಷ ಮನೆಯ ಏಕೈಕ ಖಾತ್ರಿ ಆದಾಯ ಮೇಷ್ಟ್ರ ಸಂಬಳ. ಮಂಡಿಯಲ್ಲಿ ತಂದ ಮುಂಗಡಕ್ಕೂ ಅದೇ, ಅಪ್ಪನನ್ನು ಮಣಿಪಾಲಕ್ಕೆ ಕರೆದೊಯ್ಯುವುದಕ್ಕೂ ಅದೇ, ತಮ್ಮನ ಡಿಪ್ಲೊಮಾ ಫೀಸಿಗೂ ಅದೇ.

ಇನ್ನೊಂದು ಖರ್ಚು ಯಾವ ಚೀಟಿಯಲ್ಲೂ ಕಾಣುವುದಿಲ್ಲ. ಅದು ಶಾಲೆಯ ಖರ್ಚು. ಮೊಟ್ಟೆಯ ಬೆಲೆ ಏರಿದಾಗ ಸರ್ಕಾರದ ದರಕ್ಕೂ ಅಂಗಡಿಯ ದರಕ್ಕೂ ಇರುವ ಅಂತರವನ್ನು ಮುಖ್ಯ ಶಿಕ್ಷಕರು ಕೈಯಿಂದ ಹಾಕುತ್ತಾರೆ ಎಂಬ ದೂರು ಹೊಸದಲ್ಲ. ಹೋಬಳಿ ಮಟ್ಟದ ಕ್ರೀಡಾಕೂಟಕ್ಕೆ ಮಕ್ಕಳನ್ನು ಒಯ್ಯುವ ಟೆಂಪೋ ಬಾಡಿಗೆ, ಪ್ರತಿಭಾ ಕಾರಂಜಿಯ ವೇಷಭೂಷಣ, ಮಳೆಗಾಲದ ನಡುವೆ ಹರಿದ ಕೊಡೆಗೆ ಬದಲಿ ಕೊಡೆ, ಪರೀಕ್ಷೆ ಶುಲ್ಕ ಕಟ್ಟಲಾಗದ ಹುಡುಗನ ಪಾಲಿನ ಹಣ. ಇದನ್ನೆಲ್ಲ ಯಾರೂ ಬರೆದಿಡುವುದಿಲ್ಲ. ಬರೆದಿಟ್ಟರೆ ಅದು ಲೆಕ್ಕ ಆಗಿಬಿಡುತ್ತದೆ ಎಂಬ ಸಂಕೋಚ. ಶಿಕ್ಷಕರು ಮಕ್ಕಳನ್ನು ಎಷ್ಟು ಹಚ್ಚಿಕೊಂಡಿದ್ದಾರೆ ಅನ್ನುವುದು ಹೀಗೆ ಸಣ್ಣ ಸಣ್ಣ ನೋಟುಗಳಲ್ಲಿ ಹೊರಗೆ ಹೋಗುತ್ತಿರುತ್ತದೆ.

ಆನ್‌ಲೈನ್ ಹಣದ ಆಟ, ಷೇರು ಟ್ರೇಡಿಂಗ್ ಹೆಸರಿನ ಮೋಸದಲ್ಲಿ ಕಳೆದುಕೊಂಡು ಸಾಲಕ್ಕೆ ಬಿದ್ದವರೂ ಇದ್ದಾರೆ. ಹಣ ಕಟ್ಟಿ ಆಡುವ ಆಟಗಳನ್ನು ನಿಷೇಧಿಸುವ ಕೇಂದ್ರದ ಕಾನೂನು 2025ರ ಆಗಸ್ಟ್‌ನಲ್ಲಿ ಬಂತು. ಅಷ್ಟರಲ್ಲಿ ಆಗಿಹೋದ ಸಾಲ ಹಾಗೇ ಇದೆ. ಇಂಥವರನ್ನು ಬೈದು ದೂರ ಇಟ್ಟರೆ ಅವರು ಇನ್ನೊಂದು ಆ್ಯಪ್ ತೆರೆಯುತ್ತಾರೆ, ಅಷ್ಟೇ.

ಊರಲ್ಲೇ ಸೊಸೈಟಿ ಇದೆ, ಸಂಘ ಇದೆ, ಅಲ್ಲಿ ಯಾಕೆ ಕೇಳಬಾರದು ಅನ್ನಿಸಬಹುದು. ಕೇಳಬಹುದು. ಆದರೆ ಅಲ್ಲಿ ಇಬ್ಬರು ಸಹೋದ್ಯೋಗಿಗಳ ಜಾಮೀನು ಬೇಕು. ಬೆಳಿಗ್ಗೆ ಅರ್ಜಿ ಕೊಟ್ಟರೆ ಸಂಜೆಯೊಳಗೆ ಬಸ್ ಸ್ಟ್ಯಾಂಡಿನಲ್ಲಿ ಸುದ್ದಿ. ಆ್ಯಪ್‌ನಲ್ಲಿ ಹಾಗಿಲ್ಲ. ರಾತ್ರಿ ಹತ್ತಕ್ಕೆ, ಮನೆಯವರಿಗೂ ಗೊತ್ತಾಗದಂತೆ, ಪ್ಯಾನ್ ಮತ್ತು ಆಧಾರ್ ಫೋಟೋ ಹಾಕಿದರೆ ಐದು ನಿಮಿಷದಲ್ಲಿ ಹಣ. ಗುಟ್ಟಾಗಿ ಸಿಗುತ್ತದೆ ಅನ್ನುವುದೇ ಅದರ ಸೆಳೆತ. ಆಮೇಲೆ ಆ ಗುಟ್ಟನ್ನೇ ಹಿಡಿದು ಅವರು ಎಳೆಯುತ್ತಾರೆ.

ಐದು ಸಾವಿರ ಮೂವತ್ತು ಸಾವಿರ ಆಗುವ ಲೆಕ್ಕ

ಮೊದಲು ಒಂದು ವಿಂಗಡಣೆ ಬೇಕು. ಎಲ್ಲ ಆ್ಯಪ್ ಸಾಲವೂ ಮೋಸವಲ್ಲ. ಬ್ಯಾಂಕು ಅಥವಾ ರಿಸರ್ವ್ ಬ್ಯಾಂಕಿನಲ್ಲಿ ನೋಂದಾಯಿತ ಎನ್‌ಬಿಎಫ್‌ಸಿ (ಬ್ಯಾಂಕೇತರ ಹಣಕಾಸು ಸಂಸ್ಥೆ) ಪರವಾಗಿ ನಡೆಯುವ ಆ್ಯಪ್‌ಗಳಿವೆ. ಅವುಗಳ ಬಡ್ಡಿಯೂ ಕಡಿಮೆಯೇನಲ್ಲ, ಆದರೆ ಅವಕ್ಕೆ ವಿಳಾಸವಿದೆ, ನಿಯಮವಿದೆ, ದೂರು ಕೊಡಲು ಜಾಗವಿದೆ. ಇನ್ನೊಂದು ಬಗೆಯದಕ್ಕೆ ಇದ್ಯಾವುದೂ ಇಲ್ಲ. ರಿಸರ್ವ್ ಬ್ಯಾಂಕ್ ನೇಮಿಸಿದ್ದ ಕಾರ್ಯತಂಡ 2021ರ ಆರಂಭದ ಎರಡು ತಿಂಗಳು ಆ್ಯಪ್ ಸ್ಟೋರ್‌ಗಳನ್ನು ಜಾಲಾಡಿದಾಗ ಸುಮಾರು 1100 ಸಾಲದ ಆ್ಯಪ್‌ಗಳು ಸಿಕ್ಕಿದ್ದವು. ಅದರಲ್ಲಿ ಸುಮಾರು 600 ಅಕ್ರಮ. 2023ರ ಫೆಬ್ರವರಿಯಲ್ಲಿ ಕೇಂದ್ರ ಸರ್ಕಾರ 94 ಸಾಲದ ಆ್ಯಪ್‌ಗಳನ್ನು ನಿರ್ಬಂಧಿಸಿತು. 60 ದಿನದೊಳಗೆ ಪೂರ್ತಿ ತೀರಿಸಬೇಕಾದ ವೈಯಕ್ತಿಕ ಸಾಲದ ಆ್ಯಪ್‌ಗಳಿಗೆ ಗೂಗಲ್ ಪ್ಲೇಸ್ಟೋರ್‌ನಲ್ಲಿ ಜಾಗವಿಲ್ಲ. 2023ರ ಮೇ ಕೊನೆಯಿಂದ ಸಾಲದ ಆ್ಯಪ್‌ಗಳು ಫೋಟೋ, ಕಾಂಟ್ಯಾಕ್ಟ್ ಮುಟ್ಟಬಾರದು ಎಂಬ ನಿಯಮವೂ ಅಲ್ಲಿದೆ. ಆದ್ದರಿಂದ ಈಗ ಕಳ್ಳ ಆ್ಯಪ್‌ಗಳು ವಾಟ್ಸಾಪ್, ಟೆಲಿಗ್ರಾಂ ಲಿಂಕಿನ ಮೂಲಕ, ಫೇಸ್‌ಬುಕ್ ಜಾಹೀರಾತಿನ ಮೂಲಕ ಬರುತ್ತವೆ. ಹೆಸರು ಬದಲಾಗುತ್ತಾ ಇರುತ್ತದೆ.

ಈಗ ಲೆಕ್ಕ. ಹೊಸನಗರ ತಾಲೂಕಿನ ಒಬ್ಬ ಅತಿಥಿ ಶಿಕ್ಷಕಿ ಎಂದು ಊಹಿಸಿಕೊಳ್ಳೋಣ. ಗೌರವಧನ ಬಂದಿಲ್ಲ. ಆ್ಯಪ್‌ನಲ್ಲಿ 5000 ರೂಪಾಯಿ ಸಾಲ ಒತ್ತುತ್ತಾರೆ. ‘ಪ್ರೊಸೆಸಿಂಗ್ ಶುಲ್ಕ’ ಎಂದು 1500 ಮೊದಲೇ ಕಳೆದು 3500 ಖಾತೆಗೆ ಬರುತ್ತದೆ. ಏಳು ದಿನಕ್ಕೆ ಪೂರ್ತಿ 5000 ವಾಪಸ್ ಕಟ್ಟಬೇಕು. ಕೈಗೆ ಬಂದದ್ದು 3500, ಅದರ ಮೇಲೆ ಕಟ್ಟುವುದು 1500. ವಾರಕ್ಕೆ ಶೇಕಡ 43ರ ಹತ್ತಿರ. ವರ್ಷಕ್ಕೆ ಹಿಡಿದರೆ ಶೇಕಡ 2200ಕ್ಕೂ ಮೇಲೆ. ಮೀಟರ್ ಬಡ್ಡಿಯವರೂ ಇಷ್ಟು ಕೇಳುವುದಿಲ್ಲ.

ಏಳನೇ ದಿನ ಅವರ ಬಳಿ 5000 ಇಲ್ಲ. ಇದ್ದಿದ್ದರೆ ಸಾಲವನ್ನೇ ಮಾಡುತ್ತಿರಲಿಲ್ಲ ಅಲ್ವಾ? ಆಗ ಅದೇ ಆ್ಯಪ್‌ನಲ್ಲಿ ಇನ್ನೊಂದರ ಜಾಹೀರಾತು ಕಾಣುತ್ತದೆ. ಎಷ್ಟೋ ಸಲ ಎರಡನ್ನೂ ನಡೆಸುವವರು ಒಂದೇ ಗುಂಪಿನವರು. ಅಲ್ಲೂ ನೂರಕ್ಕೆ 30 ಕಳೆದೇ ಕೊಡುತ್ತಾರೆ. ಹಾಗಾಗಿ 5000 ಕೈಗೆ ಬರಬೇಕಾದರೆ 7143 ರೂಪಾಯಿ ಸಾಲ ತೆಗೆಯಬೇಕು. ಮುಂದಿನ ವಾರ ಅದನ್ನು ತೀರಿಸಲು 10,204. ಅದರ ಮುಂದಿನ ವಾರ 14,577. ಆಮೇಲೆ 20,825. ಆರನೇ ವಾರದ ಕೊನೆಗೆ ಕಟ್ಟಬೇಕಾದದ್ದು 29,750 ರೂಪಾಯಿ. ಆ ಶಿಕ್ಷಕಿ ಮನೆಗೆಂದು ಬಳಸಿದ್ದು ಮೊದಲ 3500 ಮಾತ್ರ. ಒಂದು ಆ್ಯಪ್ ಅಷ್ಟು ದೊಡ್ಡ ಮೊತ್ತ ಕೊಡುವುದಿಲ್ಲವಾದ್ದರಿಂದ ಅಷ್ಟು ಹೊತ್ತಿಗೆ ಐದಾರು ಆ್ಯಪ್ ಫೋನಿನಲ್ಲಿ ಕೂತಿರುತ್ತವೆ. ಒಂದೊಂದಕ್ಕೂ ಬೇರೆ ದಿನಾಂಕ.

ಈ ಲೆಕ್ಕವನ್ನು ಗಣಿತದ ಶಿಕ್ಷಕರೇ ಆದರೂ ಆ ರಾತ್ರಿ ಮಾಡುವುದಿಲ್ಲ. ಮಾಡಲು ಬಿಡದಂತೆಯೇ ಆ್ಯಪ್ ಕಟ್ಟಿರುತ್ತಾರೆ. ಒಟ್ಟು ವಾರ್ಷಿಕ ದರ ಎಲ್ಲೂ ಕಾಣುವುದಿಲ್ಲ. ದೊಡ್ಡ ಅಕ್ಷರದಲ್ಲಿ ಕಾಣುವುದು ‘5 ನಿಮಿಷದಲ್ಲಿ ಹಣ’ ಅನ್ನುವುದು. ಕೇಳದೆಯೇ ಖಾತೆಗೆ ಹಣ ಹಾಕಿ, ಆಮೇಲೆ ವಸೂಲಿಗೆ ಬರುವ ಆ್ಯಪ್‌ಗಳೂ ಇವೆ. ಹಾಗೆ ಬಂದ ಹಣವನ್ನು ಖರ್ಚು ಮಾಡದೆ ಹಾಗೇ ಬಿಟ್ಟು, ಬ್ಯಾಂಕಿಗೆ ಬರಹದಲ್ಲಿ ತಿಳಿಸಬೇಕು.

ಏಳನೇ ದಿನ ಮುಗಿಯುವ ಮುಂಚೆಯೇ ಫೋನ್ ಶುರು. ಮೊದಲು ಹಿಂದಿಯಲ್ಲಿ ಗದರಿಕೆ. ಆಮೇಲೆ ಫೋನ್‌ಬುಕ್‌ನ ಹೆಸರುಗಳನ್ನು ಒಂದೊಂದಾಗಿ ಓದಿ ಹೇಳುತ್ತಾರೆ. ‘ಪ್ರಜ್ವಲ್ ಅಮ್ಮಂಗೆ ಕಳಿಸಲಾ?’ ಅರ್ಜಿಯ ವೇಳೆ ತೆಗೆದ ಸೆಲ್ಫಿಯನ್ನು ಯಾವುದೋ ಅಶ್ಲೀಲ ಚಿತ್ರಕ್ಕೆ ಅಂಟಿಸಿ ತೋರಿಸುತ್ತಾರೆ. ಕೆಲವರು ಪೋಷಕರಿಗೆ ನೇರವಾಗಿ ‘ನಿಮ್ಮನ್ನು ಜಾಮೀನು ಹಾಕಿದ್ದಾರೆ, ನೀವೇ ಕಟ್ಟಿ’ ಎಂದು ಬರೆಯುತ್ತಾರೆ. ಇದು ಶುದ್ಧ ಸುಳ್ಳು. ತಾನು ಒಪ್ಪಿ ಕರಾರು ಮಾಡಿಕೊಳ್ಳದೆ ಯಾರೂ ಯಾರಿಗೂ ಜಾಮೀನುದಾರ ಆಗುವುದಿಲ್ಲ. ಬೇರೆಯವರ ಫೋನ್‌ಬುಕ್‌ನಲ್ಲಿ ನಂಬರ್ ಇದ್ದ ಮಾತ್ರಕ್ಕಂತೂ ಆಗುವುದೇ ಇಲ್ಲ.

ತರಗತಿಯ ಒಳಗೆ

ಶಿಕ್ಷಕರ ಮುಖ ಓದುವುದರಲ್ಲಿ ಮಕ್ಕಳಷ್ಟು ಚುರುಕು ಯಾರೂ ಇಲ್ಲ. ಒಂದು ಕೋಣೆಯಲ್ಲಿ ಮೂರು ತರಗತಿ ಕೂರುವ ಕಿರಿಯ ಪ್ರಾಥಮಿಕ ಶಾಲೆಗಳು ನಮ್ಮಲ್ಲಿ ಬೇಕಾದಷ್ಟಿವೆ. ಅಲ್ಲಿ ಇಡೀ ದಿನ ಮಕ್ಕಳ ಕಣ್ಣೆದುರು ಇರುವುದು ಒಬ್ಬರೋ ಇಬ್ಬರೋ. ಮೇಜಿನ ಡ್ರಾಯರ್‌ನಲ್ಲಿ ಫೋನ್ ಗುರ್ ಗುರ್ ಅನ್ನುತ್ತಲೇ ಇದೆ, ಮೇಡಂ ತೆಗೆಯುತ್ತಿಲ್ಲ. ಲೆಕ್ಕದ ನಡುವೆ ಸರ್ ಎದ್ದು ಹೊರಗೆ ಹೋದರು, ಬಂದ ಮೇಲೆ ಎಲ್ಲಿ ನಿಲ್ಲಿಸಿದ್ದರೆಂದು ಅವರಿಗೇ ನೆನಪಿಲ್ಲ. ಮಕ್ಕಳು ಇದನ್ನು ಮನೆಗೆ ಹೋಗಿ ಹೇಳುವುದು ಕಡಿಮೆ. ತಮ್ಮ ಮೇಲೆ ಸಿಟ್ಟಾಗಿದ್ದಾರೆ ಎಂದೇ ಬಹಳ ಮಕ್ಕಳು ತಿಳಿದುಕೊಳ್ಳುತ್ತಾರೆ. ಇದು ನನ್ನನ್ನು ತುಂಬಾ ಕಾಡುವ ಸಂಗತಿ. ದೂರದ ಯಾವುದೋ ಕಾಲ್ ಸೆಂಟರಿನಲ್ಲಿ ಕೂತವನು ಬೈದದ್ದಕ್ಕೆ ನಾಲ್ಕನೇ ತರಗತಿಯ ಮಗು ತಪ್ಪಿತಸ್ಥ ಭಾವದಲ್ಲಿ ಮನೆಗೆ ಹೋಗುತ್ತದೆ.

ಶಿಕ್ಷಕರ ಒಳಗೂ ಏನೋ ಬದಲಾಗುತ್ತದೆ. ಪೋಷಕರ ಗ್ರೂಪಿನಲ್ಲಿ ಮೊದಲಿನಂತೆ ಬರೆಯಲು ಹೆದರಿಕೆ. ಯಾರಿಗೆ ಏನು ಹೋಗಿದೆಯೋ ಗೊತ್ತಿಲ್ಲವಲ್ಲ. ಸಿಮ್ ಬದಲಿಸಿದರೆ ಪೋಷಕರ ಕೈಗೆ ಸಿಗುವುದಿಲ್ಲ. ಶಾಲೆಗೆ ಬಾರದ ಹುಡುಗನ ಮನೆಗೆ ಹೋಗಿ ಅವನಪ್ಪನಿಗೆ ಗದರಿ ಕರೆತರುತ್ತಿದ್ದ ಮೇಷ್ಟ್ರು ಈಗ ಆ ಮನೆಯ ದಾರಿ ಹಿಡಿಯುವುದಿಲ್ಲ. ಆ ಅಪ್ಪನ ಫೋನಿಗೂ ಮೆಸೇಜ್ ಹೋಗಿದ್ದರೆ? ಹಳ್ಳಿ ಶಾಲೆಯಲ್ಲಿ ಶಿಕ್ಷಕರ ಮಾತು ನಡೆಯುವುದೇ ಮನೆಮನೆಯ ಈ ಸಲಿಗೆಯಿಂದ. ಅದು ನಿಂತರೆ ಶಾಲೆಯ ಅರ್ಧ ಕೆಲಸ ನಿಂತಂತೆ.

ಕೈಗಡಕ್ಕಾಗಿ ಪೋಷಕರನ್ನೇ ಕೇಳುವ ಹಂತ ಬಂದರೆ ಇನ್ನೂ ಕಷ್ಟ. ಎರಡು ಸಾವಿರ ಕೊಟ್ಟ ಮನೆಯ ಮಗುವಿಗೆ ಕಡಿಮೆ ಅಂಕ ಹಾಕುವಾಗ ಕೈ ತಡೆಯುತ್ತದೆ. ಎಲ್ಲಕ್ಕಿಂತ ಅಪಾಯದ ಹೆಜ್ಜೆ ಶಾಲೆಯ ಹಣ. ‘ಸಂಬಳ ಆದ ಕೂಡಲೇ ಹಾಕ್ತೀನಿ’ ಎಂದುಕೊಂಡು ಎಸ್‌ಡಿಎಂಸಿ ಖಾತೆಯದ್ದೋ ಪ್ರವಾಸಕ್ಕೆಂದು ಮಕ್ಕಳು ಕೊಟ್ಟದ್ದೋ ಮುಟ್ಟಿದರೆ, ಅಲ್ಲಿಯವರೆಗೆ ಸುಲಿಗೆಗೆ ಸಿಕ್ಕ ಸಂತ್ರಸ್ತರಾಗಿದ್ದವರು ಆ ದಿನದಿಂದ ಆರೋಪಿ. ಆ್ಯಪ್‌ನವರಿಗೆ ಎಷ್ಟೇ ಹೆದರಿದರೂ ಈ ಗೆರೆ ದಾಟಬೇಡಿ ಎಂದು ಕೈಮುಗಿದು ಕೇಳುತ್ತೇನೆ.

ಅತಿಥಿ ಶಿಕ್ಷಕರು ಇನ್ನೊಂದು ದಾರಿ ಹಿಡಿಯುತ್ತಾರೆ. ಸುಮ್ನೆ ಬಿಟ್ಟು ಹೋಗುತ್ತಾರೆ. ಶಿವಮೊಗ್ಗದ ಅಂಗಡಿಯಲ್ಲೋ ಬೆಂಗಳೂರಿನ ಗೋದಾಮಿನಲ್ಲೋ ತಿಂಗಳ ಸಂಬಳ ತಿಂಗಳಿಗೇ ಬರುತ್ತದೆ. 2024ರ ಎಸ್ಸೆಸ್ಸೆಲ್ಸಿಯಲ್ಲಿ ಶಿವಮೊಗ್ಗ ಜಿಲ್ಲೆ ರಾಜ್ಯಕ್ಕೆ ಮೂರನೇ ಸ್ಥಾನ ಪಡೆದಾಗ ಎಲ್ಲರೂ ಸಂತೋಷಪಟ್ಟೆವು. ಅಂಥ ಫಲಿತಾಂಶದ ಹಿಂದೆ ಬೆಳಿಗ್ಗೆ, ಸಂಜೆಯ ವಿಶೇಷ ತರಗತಿಗಳಿರುತ್ತವೆ. ಅವನ್ನು ತೆಗೆದುಕೊಳ್ಳುವವರಲ್ಲಿ ಈ ಅತಿಥಿ ಶಿಕ್ಷಕರೂ ಇರುತ್ತಾರೆ. ಡಿಸೆಂಬರ್‌ನಲ್ಲಿ ಗಣಿತದವರು ಬಿಟ್ಟು ಹೋದರೆ ಹತ್ತನೇ ತರಗತಿಯ ಮಕ್ಕಳಿಗೆ ಆ ವರ್ಷ ಮತ್ತೆ ಸಿಗುವುದಿಲ್ಲ.

ಸರ್ಕಾರಿ ನೌಕರರ ಬಾಯಿ ಕಟ್ಟುವ ಇನ್ನೊಂದು ಭಯ ನಡತೆ ನಿಯಮದ್ದು. ನೌಕರರು ಸದಾ ಸಾಲದಲ್ಲೇ ಮುಳುಗಿರುವ ಸ್ಥಿತಿಗೆ ಹೋಗದಂತೆ ಸ್ವಂತ ವ್ಯವಹಾರ ನೋಡಿಕೊಳ್ಳಬೇಕು ಎಂದು ಆ ನಿಯಮಗಳು ಹೇಳುತ್ತವೆ ನಿಜ. ಸಾಲ ವಸೂಲಿಗೆ ನ್ಯಾಯಾಲಯದ ಪ್ರಕ್ರಿಯೆ ಶುರುವಾದರೆ ಇಲಾಖೆಗೆ ತಿಳಿಸಬೇಕು. ಆದರೆ ಸಾಲ ಮಾಡುವುದೇ ಅಪರಾಧ ಎಂದು ಯಾವ ನಿಯಮವೂ ಹೇಳುವುದಿಲ್ಲ. ಸುಲಿಗೆಯ ವಿರುದ್ಧ ಪೊಲೀಸರಿಗೆ ದೂರು ಕೊಡುವುದಂತೂ ನಿಯಮ ಮುರಿದಂತೆ ಅಲ್ಲವೇ ಅಲ್ಲ. ಆ್ಯಪ್‌ನವರು ‘ನಿಮ್ಮ ಬಿಇಒಗೆ ಹೇಳಿ ಸಸ್ಪೆಂಡ್ ಮಾಡಿಸ್ತೀವಿ’ ಅನ್ನುವುದು ಈ ಅರ್ಧ ತಿಳುವಳಿಕೆಯ ಮೇಲೆ ಆಡುವ ಆಟ.

ಕಾನೂನು ಯಾರ ಕಡೆಗಿದೆ

ರಿಸರ್ವ್ ಬ್ಯಾಂಕ್ 2022ರ ಸೆಪ್ಟೆಂಬರ್‌ನಲ್ಲಿ ಡಿಜಿಟಲ್ ಸಾಲದ ಮಾರ್ಗಸೂಚಿ ಹೊರಡಿಸಿತು. 2025ರ ಮೇನಲ್ಲಿ ಅದನ್ನು ಸೇರಿಸಿ ಹೊಸ ನಿರ್ದೇಶನಗಳನ್ನು ತಂದಿತು. ಅದರಲ್ಲಿ ಸಾಮಾನ್ಯ ಜನ ನೆನಪಿಡಬೇಕಾದ ಮಾತು ಒಂದಿದೆ: ನೋಂದಾಯಿತ ಸಂಸ್ಥೆಯ ಸಾಲದ ಆ್ಯಪ್ ನಿಮ್ಮ ಫೋನ್‌ಬುಕ್, ಫೋಟೋ, ಕಾಲ್ ಪಟ್ಟಿ ಮುಟ್ಟುವಂತಿಲ್ಲ. ಕ್ಯಾಮೆರಾ, ಮೈಕ್, ಲೊಕೇಶನ್ ಬೇಕಿದ್ದರೂ ಗುರುತು ಪರಿಶೀಲನೆಗೆ ಒಮ್ಮೆ ಮಾತ್ರ, ಅದೂ ನಿಮ್ಮ ಒಪ್ಪಿಗೆ ಪಡೆದು. ಆದ್ದರಿಂದ ಸಾಲದ ಆ್ಯಪ್ ಕಾಂಟ್ಯಾಕ್ಟ್ ಅನುಮತಿ ಕೇಳಿತು ಎಂದರೆ ಅಲ್ಲೇ ನಿಲ್ಲಿಸಿ. ಬೇರೆ ಪರೀಕ್ಷೆ ಬೇಡ.

ಉಳಿದ ನಿಯಮಗಳೂ ಉಪಯೋಗಕ್ಕೆ ಬರುತ್ತವೆ. ಹಣ ನೇರವಾಗಿ ಸಾಲ ಕೊಡುವ ಸಂಸ್ಥೆಯ ಖಾತೆಯಿಂದ ನಿಮ್ಮ ಖಾತೆಗೆ ಬರಬೇಕು, ವಾಪಸ್ಸೂ ಹಾಗೇ ಹೋಗಬೇಕು. ಯಾರದ್ದೋ ಹೆಸರಿನ ಯುಪಿಐಗೆ ಕಟ್ಟಿ ಎಂದರೆ ಅದು ಮೋಸ. ಎಲ್ಲ ಶುಲ್ಕ ಸೇರಿಸಿದ ವಾರ್ಷಿಕ ದರ ಬರೆದ ಮುಖ್ಯಾಂಶ ಪತ್ರವನ್ನು ಸಾಲಕ್ಕೆ ಮೊದಲೇ ಕೊಡಬೇಕು. ಸಾಲ ಬೇಡವೆನಿಸಿದರೆ ಸಂಸ್ಥೆ ಗೊತ್ತುಮಾಡಿದ ಅವಧಿಯೊಳಗೆ (ಅದು ಕನಿಷ್ಠ ಒಂದು ದಿನ ಇರಬೇಕು), ದಂಡವಿಲ್ಲದೆ, ಅಸಲು ಮತ್ತು ಆ ಅವಧಿಯ ಬಡ್ಡಿಯಷ್ಟನ್ನು ಕೊಟ್ಟು ಹಿಂದಿರುಗಿಸಬಹುದು. ವಸೂಲಿಯವರು ಬೆಳಿಗ್ಗೆ 8ಕ್ಕೆ ಮೊದಲು, ಸಂಜೆ 7ರ ನಂತರ ಫೋನ್ ಮಾಡುವಂತಿಲ್ಲ. ಮನೆಯವರನ್ನು, ಸ್ನೇಹಿತರನ್ನು ಕಾಡುವಂತಿಲ್ಲ. ನೋಂದಾಯಿತ ಸಂಸ್ಥೆ 30 ದಿನದೊಳಗೆ ದೂರಿಗೆ ಸರಿಯಾದ ಉತ್ತರ ಕೊಡದಿದ್ದರೆ ದೂರು ವಿಚಾರಿಸುವ ರಿಸರ್ವ್ ಬ್ಯಾಂಕಿನ ಓಂಬುಡ್ಸ್‌ಮನ್ ಬಳಿಗೆ ಹೋಗಬಹುದು. 14448ಕ್ಕೆ ಕರೆ ಮಾಡಿದರೆ ಮಾಹಿತಿ ಸಿಗುತ್ತದೆ. ನೋಂದಾಯಿತ ಸಂಸ್ಥೆಗಳು ಬಳಸುವ ಆ್ಯಪ್‌ಗಳ ಪಟ್ಟಿ ಈಗ ರಿಸರ್ವ್ ಬ್ಯಾಂಕಿನ ಜಾಲತಾಣದಲ್ಲೇ ಇದೆ. ಅಕ್ರಮ ಸಾಲದವರ ಬಗ್ಗೆ ತಿಳಿಸಲು ಸಚೇತ್ ಎಂಬ ಪೋರ್ಟಲ್ ಇದೆ.

‘ಸಂಬಳ ಹಿಡಿಸ್ತೀವಿ’ ಎಂಬ ಬೆದರಿಕೆಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 60ನೇ ಕಲಂನಲ್ಲಿ ಉತ್ತರವಿದೆ. ನ್ಯಾಯಾಲಯದ ಡಿಕ್ರಿ (ತೀರ್ಪಿನ ಆದೇಶ) ಇಲ್ಲದೆ ಸಾಲ ಕೊಟ್ಟವನು ಯಾರ ಸಂಬಳವನ್ನೂ ಜಪ್ತಿ ಮಾಡಿಸಲಾರ. ಡಿಕ್ರಿ ಆದರೂ ಮೊದಲ 1000 ರೂಪಾಯಿ, ಉಳಿದದ್ದರಲ್ಲಿ ಮೂರರಲ್ಲಿ ಎರಡು ಭಾಗ ಮುಟ್ಟುವಂತಿಲ್ಲ. ವಾಟ್ಸಾಪ್‌ನಲ್ಲಿ ಬರುವ ಅರೆಸ್ಟ್ ವಾರಂಟ್ ನಕಲಿ. ಸಾಲ ಕಟ್ಟಲಾಗದೇ ಹೋದದ್ದಕ್ಕೆ ಯಾರನ್ನೂ ಪೊಲೀಸರು ಬಂಧಿಸುವುದಿಲ್ಲ. ಚೆಕ್ ಕೊಟ್ಟು ಅಥವಾ ಆಟೋ ಡೆಬಿಟ್‌ಗೆ ಒಪ್ಪಿ ಅದು ಬೌನ್ಸ್ ಆದ ವಿಚಾರ ಬೇರೆ. ನೋಂದಾಯಿತ ಸಂಸ್ಥೆಯ ಸಾಲದಲ್ಲಿ ಅದನ್ನು ಹಗುರವಾಗಿ ಬಿಡಬಾರದು.

ನಮ್ಮ ರಾಜ್ಯದಲ್ಲಿ ಮೈಕ್ರೋಫೈನಾನ್ಸ್ ಕಿರುಕುಳದ ಸುದ್ದಿಗಳು ಒಂದರ ಹಿಂದೆ ಒಂದು ಬಂದ ಮೇಲೆ 2025ರ ಫೆಬ್ರವರಿಯಲ್ಲಿ ಸುಗ್ರೀವಾಜ್ಞೆ ಬಂತು, ಆಮೇಲೆ ಅದು ಕಾಯ್ದೆಯಾಯಿತು. ಬಲವಂತದ ವಸೂಲಿಗೆ 10 ವರ್ಷದವರೆಗೆ ಜೈಲು, 5 ಲಕ್ಷ ರೂಪಾಯಿವರೆಗೆ ದಂಡ. ರಿಸರ್ವ್ ಬ್ಯಾಂಕಿನಲ್ಲಿ ನೋಂದಾಯಿತ ಬ್ಯಾಂಕು, ಎನ್‌ಬಿಎಫ್‌ಸಿಗಳು ಅದರ ವ್ಯಾಪ್ತಿಗೆ ಬರುವುದಿಲ್ಲ. ಇನ್ನು ಫೋಟೋ ತಿರುಚಿ ಹಣ ಕೇಳುವುದು ಸಾಲ ವಸೂಲಿಯೇ ಅಲ್ಲ. ಭಾರತೀಯ ನ್ಯಾಯ ಸಂಹಿತೆಯಲ್ಲಿ ಅದು ಸುಲಿಗೆ, ಬೆದರಿಕೆ. ಐಟಿ ಕಾಯ್ದೆಯಡಿಯೂ ಅಪರಾಧ.

ಹೊರಬರುವ ದಾರಿ

ಈ ರಾತ್ರಿಯೇ ಮಾಡಬೇಕಾದದ್ದು: ಒಂದು ಸಾಲ ತೀರಿಸಲು ಇನ್ನೊಂದು ಆ್ಯಪ್ ತೆರೆಯುವುದನ್ನು ನಿಲ್ಲಿಸುವುದು. ಲೆಕ್ಕ ದೊಡ್ಡದಾಗುವುದೇ ಅಲ್ಲಿ. ಆಮೇಲೆ ಒಂದು ಹಾಳೆಯಲ್ಲಿ ಎಲ್ಲ ಸಾಲ ಬರೆಯಿರಿ. ಯಾವ ಆ್ಯಪ್, ಕೈಗೆ ಎಷ್ಟು ಬಂತು, ಇಲ್ಲಿಯವರೆಗೆ ಎಷ್ಟು ಕಟ್ಟಿದ್ದೀರಿ, ಅದು ನೋಂದಾಯಿತವೇ. ನೋಂದಾಯಿತ ಸಾಲ ತೀರಿಸಲೇಬೇಕು. ಕಂತು ಭಾರವಾದರೆ ಅವಧಿ ಹೆಚ್ಚಿಸಿ ಎಂದು ಇಮೇಲ್ ಮೂಲಕ ಕೇಳಿ. ನೋಂದಣಿಯಿಲ್ಲದವರು ‘ಸಾವಿರ ಕಟ್ಟಿ, ಇನ್ನೊಂದು ವಾರ ಕೊಡ್ತೀವಿ’ ಅನ್ನುತ್ತಾರೆ. ಆ ಸಾವಿರ ಅಸಲಿಗೆ ಹೋಗುವುದಿಲ್ಲ. ಪೂರ್ತಿ ಕಟ್ಟಿದರೂ ಅವರು ಬಿಡುತ್ತಾರೆ ಎಂಬ ಖಾತ್ರಿಯಿಲ್ಲ. ಕಟ್ಟುವವರು ಎಂದು ಗೊತ್ತಾದರೆ ಇನ್ನಷ್ಟು ಕೇಳುತ್ತಾರೆ.

ಬೆದರಿಕೆಯ ಮೆಸೇಜ್, ಕರೆ ಬಂದ ನಂಬರ್, ಯುಪಿಐ ವ್ಯವಹಾರದ ಸಂಖ್ಯೆ ಎಲ್ಲದರ ಸ್ಕ್ರೀನ್‌ಶಾಟ್ ಇಡಿ. ನಾಚಿಕೆಯಿಂದ ಚಾಟ್ ಅಳಿಸಬೇಡಿ, ಅದೇ ಸಾಕ್ಷಿ. ಅದಾದ ಮೇಲೆ ಆ್ಯಪ್‌ನ ಅನುಮತಿಗಳನ್ನು ತೆಗೆದು, ಆ್ಯಪ್ ಅಳಿಸಿ. 1930ಕ್ಕೆ ಕರೆ ಮಾಡಿ ಅಥವಾ ರಾಷ್ಟ್ರೀಯ ಸೈಬರ್ ಅಪರಾಧ ಪೋರ್ಟಲ್‌ನಲ್ಲಿ ದೂರು ದಾಖಲಿಸಿ. ಶಿವಮೊಗ್ಗದಲ್ಲಿ ಸೈಬರ್ ಅಪರಾಧಗಳಿಗೆಂದೇ ಸಿಇಎನ್ ಠಾಣೆ ಇದೆ. ನೆಟ್‌ವರ್ಕ್‌ಗೆ ಗುಡ್ಡ ಹತ್ತಬೇಕಾದ ಊರಿನವರು, ಶಿವಮೊಗ್ಗದವರೆಗೆ ಹೋಗಲಾಗದವರು ಹತ್ತಿರದ ಠಾಣೆಗೇ ಹೋಗಬಹುದು. ವ್ಯಾಪ್ತಿ ಯಾವುದೇ ಇರಲಿ, ಗಂಭೀರ ಅಪರಾಧದ ದೂರನ್ನು ಅವರು ತೆಗೆದುಕೊಳ್ಳಬೇಕು. ಕಾನೂನು ನೆರವು ಬೇಕಿದ್ದರೆ 15100. ಮಹಿಳೆಯರಿಗೆ ಆದಾಯ ಎಷ್ಟೇ ಇದ್ದರೂ ಅದು ಉಚಿತ. ನಿದ್ದೆ ಬರುತ್ತಿಲ್ಲ, ಬದುಕು ಬೇಡ ಎನಿಸುತ್ತಿದೆ ಎಂದರೆ ಮೊದಲು ಟೆಲಿ ಮಾನಸ್ 14416ಕ್ಕೆ ಕರೆ ಮಾಡಿ. ಹಗಲು ರಾತ್ರಿ ಕನ್ನಡದಲ್ಲಿ ಮಾತಾಡುವವರಿದ್ದಾರೆ. ಮೂವತ್ತು ಸಾವಿರವಾಗಲಿ ಮೂರು ಲಕ್ಷವಾಗಲಿ, ತೀರಿಸುವ ದಾರಿ ಇದ್ದೇ ಇದೆ.

ಎಲ್ಲಕ್ಕಿಂತ ಹೆಚ್ಚು ಕೆಲಸ ಮಾಡುವ ಮದ್ದು ಅವರಿಗಿಂತ ಮೊದಲು ನೀವೇ ಹೇಳುವುದು. ಮೊದಲು ಮನೆಯಲ್ಲಿ. ಆಮೇಲೆ ಮುಖ್ಯ ಶಿಕ್ಷಕರಿಗೆ, ಒಬ್ಬ ನಂಬಿಕಸ್ತ ಸಹೋದ್ಯೋಗಿಗೆ. ಆಮೇಲೆ ಪೋಷಕರ ಗ್ರೂಪಿಗೆ ನಾಲ್ಕು ಸಾಲು: “ಎಲ್ಲರಿಗೂ ನಮಸ್ಕಾರ. ನನ್ನ ಫೋನಿನ ನಂಬರ್‌ಗಳು ಒಂದು ಮೋಸದ ಸಾಲದ ಆ್ಯಪ್ ಕೈಗೆ ಸಿಕ್ಕಿವೆ. ನನ್ನ ಹೆಸರಿನಲ್ಲಿ ಕೆಟ್ಟ ಫೋಟೋ, ಮೆಸೇಜ್ ಬಂದರೆ ನಂಬಬೇಡಿ, ಲಿಂಕ್ ಒತ್ತಬೇಡಿ, ಹಣ ಕಟ್ಟಬೇಡಿ. ಪೊಲೀಸರಿಗೆ ದೂರು ಕೊಟ್ಟಿದ್ದೇನೆ.” ಇಷ್ಟು ಸಾಕು. ಸಾಲ ಎಷ್ಟು, ಯಾಕೆ ಎಂದು ಯಾರಿಗೂ ವಿವರಿಸಬೇಕಿಲ್ಲ. ಆ ಮೆಸೇಜ್ ಕಳಿಸುವ ಗಳಿಗೆ ಬಹಳ ಕಷ್ಟ, ಗೊತ್ತು. ಆದರೆ ಕಳಿಸಿದ ಮೇಲೆ ಬೆದರಿಸುವವನ ಕೈಯಲ್ಲಿ ಹೇಳಲು ಏನೂ ಉಳಿಯುವುದಿಲ್ಲ.

ಉಳಿದ ನಿಜವಾದ ಸಾಲಕ್ಕೆ ಬಡ್ಡಿ ಕಡಿಮೆಯ ಜಾಗ ಹುಡುಕಬೇಕು. ಕಾಯಂ ಶಿಕ್ಷಕರಿಗೆ ಕೆಜಿಐಡಿ ಪಾಲಿಸಿಯ ಮೇಲಿನ ಸಾಲ, ನೌಕರರ ಪತ್ತಿನ ಸಹಕಾರ ಸಂಘ, ಬ್ಯಾಂಕಿನ ಚಿನ್ನದ ಸಾಲ ಇವೆ. ಐದಾರು ಸಾಲವನ್ನು ಒಂದೇ ಸಾಲವಾಗಿ ಮಾಡಿಕೊಂಡರೆ ಕಂತು ಒಂದೇ ದಿನ ಬರುತ್ತದೆ, ಮನಸ್ಸಿಗೂ ಹಗುರ. ಅತಿಥಿ ಶಿಕ್ಷಕರಿಗೆ ಈ ಬಾಗಿಲುಗಳು ಬಹುಪಾಲು ಮುಚ್ಚಿವೆ. ಸ್ವಸಹಾಯ ಸಂಘ, ಊರಿನ ಸಹಕಾರ ಸಂಘ ಬಿಟ್ಟರೆ ಅವರಿಗೆ ಬೇರೆ ಹೆಚ್ಚಿಲ್ಲ. ಅವರ ಗೌರವಧನ ಪ್ರತಿ ತಿಂಗಳು ನಿಗದಿತ ದಿನ ಖಾತೆಗೆ ಬಂದರೆ ಈ ಆ್ಯಪ್‌ಗಳ ಅರ್ಧ ಗಿರಾಕಿಗಳು ಕಡಿಮೆಯಾಗುತ್ತಾರೆ ಎಂದು ನನಗನ್ನಿಸುತ್ತದೆ. ಹೊಸ ಯೋಜನೆ ಬೇಕಿಲ್ಲ, ಇರುವ ಹಣ ಹೊತ್ತಿಗೆ ಬಂದರೆ ಆಯಿತು. ಸಹೋದ್ಯೋಗಿಗಳೂ ಒಂದು ಕೆಲಸ ಮಾಡಬಹುದು. ಸ್ಟಾಫ್ ರೂಮಿನಲ್ಲಿ ತಿಂಗಳಿಗೆ ಇನ್ನೂರು ಮುನ್ನೂರು ಹಾಕಿ ಒಂದು ಸಣ್ಣ ನಿಧಿ ಮಾಡಿಕೊಳ್ಳಿ. ಕಾರಣ ಕೇಳದೆ ಐದು ಸಾವಿರ ಕೊಡುವ ಜಾಗ ಪಕ್ಕದಲ್ಲೇ ಇದ್ದರೆ ರಾತ್ರಿ ಹತ್ತಕ್ಕೆ ಆ್ಯಪ್ ತೆರೆಯುವ ಪ್ರಮೇಯ ಬರುವುದಿಲ್ಲ.

ಇನ್ನು ಪೋಷಕರು. ನಿಮ್ಮ ಮಗುವಿನ ಮೇಷ್ಟ್ರ ಬಗ್ಗೆಯೋ ಟೀಚರ್ ಬಗ್ಗೆಯೋ ಗೊತ್ತಿಲ್ಲದ ನಂಬರಿನಿಂದ ಕೆಟ್ಟ ಫೋಟೋ ಬಂದರೆ ಅದನ್ನು ಇನ್ನೊಬ್ಬರಿಗೆ ಕಳಿಸಬೇಡಿ. ಅಶ್ಲೀಲ ಚಿತ್ರವನ್ನು ಮುಂದಕ್ಕೆ ಕಳಿಸಿದವರ ಮೇಲೂ ಕೇಸಾಗುತ್ತದೆ. ನಂಬರ್ ಕಾಣುವಂತೆ ಸ್ಕ್ರೀನ್‌ಶಾಟ್ ತೆಗೆದು ಆ ಶಿಕ್ಷಕರಿಗೊಬ್ಬರಿಗೇ ಕೊಡಿ, ದೂರಿಗೆ ಬೇಕಾಗುತ್ತದೆ. ಮೆಸೇಜ್ ಮಗುವಿನ ಕಣ್ಣಿಗೆ ಬಿದ್ದಿದ್ದರೆ ಅದು ಯಾರೋ ಕಳ್ಳರು ಮಾಡಿದ ಸುಳ್ಳು ಫೋಟೋ ಎಂದು ಅವತ್ತೇ ಕೂರಿಸಿಕೊಂಡು ಹೇಳಿ. ಮಾರನೇ ದಿನ ಎಂದಿನಂತೆ ಶಾಲೆಗೆ ಕಳಿಸಿ. ಶಿಕ್ಷಕರು ಎದುರಾದರೆ ಎಂದಿನಂತೆ ಮಗುವಿನ ಓದಿನ ಬಗ್ಗೆಯೇ ಕೇಳಿ.